ಕೋರೆಗಾಂವ್ ಪಾರ್ಕಿನಿಂದ ಓರೆಗಾನ್‌ವರೆಗೆ: ರಜನೀಶ್ ಚಳವಳಿಯ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಪುಣೆಯಲ್ಲಿ ನೆಲೆಸಿರುವ ಕನ್ನಡಿಗರ ಮನೆಗೆ ಊರಿನಿಂದ ಬರುವ ನೆಂಟರು ಶನಿವಾರವಾಡೆ, ಸಿಂಹಗಡ, ದಗಡೂಶೇಟ್ ಗಣಪತಿ ಎಲ್ಲವನ್ನೂ ನೋಡಿ ಮುಗಿಸಿದ ಮೇಲೆ ಸ್ವಲ್ಪ ಅಳುಕುತ್ತಲೇ ವಿಚಾರಿಸುವ ಇನ್ನೊಂದು ಜಾಗವಿದೆ, ಅದು ಕೋರೆಗಾಂವ್ ಪಾರ್ಕಿನಲ್ಲಿರುವ, ಗುರು ರಜನೀಶರ ಓಶೋ ಆಶ್ರಮ. 2018ರಲ್ಲಿ ನೆಟ್‌ಫ್ಲಿಕ್ಸ್‌ನ ಸಾಕ್ಷ್ಯಚಿತ್ರ ಸರಣಿ ಬಂದ ಮೇಲಂತೂ ಅಳುಕು ಕಡಿಮೆಯಾಗಿದೆ, ಪ್ರಶ್ನೆಗಳು ಹೆಚ್ಚಾಗಿವೆ. ಈ ಊರಿನಲ್ಲಿ ಬಹುಕಾಲದಿಂದ ಇರುವವನಾಗಿ ನಾನು ಮತ್ತೆ ಮತ್ತೆ ಕೇಳಿಸಿಕೊಂಡ ಪ್ರಶ್ನೆಗಳನ್ನೂ ಅವಕ್ಕೆ ದಾಖಲೆಗಳ ಆಧಾರದ ಮೇಲೆ ಕೊಡಬಹುದಾದ ಉತ್ತರಗಳನ್ನೂ ಇಲ್ಲಿ ಬರೆದಿದ್ದೇನೆ. ನನ್ನ ಅಭಿಪ್ರಾಯ ಬಂದ ಕಡೆ ಅದು ಅಭಿಪ್ರಾಯವೆಂದು ಓದುಗರಿಗೆ ತಿಳಿಯುವಂತೆಯೇ ಬರೆದಿದ್ದೇನೆ.

ಎಲ್ಲರೂ ಮಾತನಾಡುವ ಆ ಸಾಕ್ಷ್ಯಚಿತ್ರ ಯಾವುದು? ಅದರಲ್ಲಿ ಪುಣೆ ಎಷ್ಟಿದೆ?

ಅದರ ಹೆಸರು ‘ವೈಲ್ಡ್ ವೈಲ್ಡ್ ಕಂಟ್ರಿ’. ಮ್ಯಾಕ್ಲೇನ್ ವೇ ಮತ್ತು ಚಾಪ್‌ಮನ್ ವೇ ಎಂಬ ಸಹೋದರರು ನಿರ್ದೇಶಿಸಿದ ಆರು ಕಂತುಗಳ ಈ ಸರಣಿ 2018ರ ಮಾರ್ಚ್‌ನಲ್ಲಿ ಬಿಡುಗಡೆಯಾಗಿ ಅದೇ ವರ್ಷ ಎಮ್ಮಿ ಪ್ರಶಸ್ತಿ ಪಡೆಯಿತು. ಅಮೆರಿಕದ ಓರೆಗಾನ್ ರಾಜ್ಯದ ಇತಿಹಾಸ ಸಂಸ್ಥೆಯೊಂದರ ಸಂಗ್ರಹದಲ್ಲಿದ್ದ ಹಳೆಯ ಟೆಲಿವಿಷನ್ ಸುದ್ದಿಚಿತ್ರಗಳು ಇದರ ಬೆನ್ನೆಲುಬು. ಜೊತೆಗೆ ರಜನೀಶರ ಕಾರ್ಯದರ್ಶಿಯಾಗಿದ್ದ ಮಾ ಆನಂದ ಶೀಲಾ, ಚಳವಳಿಯ ವಕೀಲರು, ಆ್ಯಂಟಲೋಪ್ ಎಂಬ ಪುಟ್ಟ ಊರಿನ ನಿವಾಸಿಗಳು, ತನಿಖೆ ನಡೆಸಿದ ಸರ್ಕಾರಿ ಅಧಿಕಾರಿಗಳು ದೀರ್ಘವಾಗಿ ಮಾತನಾಡುತ್ತಾರೆ.

ಪುಣೆ ಕಾಣಿಸುವುದು ಮುಖ್ಯವಾಗಿ ಮೊದಲ ಕಂತಿನಲ್ಲಿ, ಅದೂ ಮುನ್ನುಡಿಯ ಹಾಗೆ. ಕಾವಿ ಬಟ್ಟೆಯ ವಿದೇಶಿಯರು, ಕುಣಿತ, ಕಿರುಚಾಟದ ಕೆಲವು ದೃಶ್ಯಗಳು ಕಳೆದು ಕಥೆ ಅಮೆರಿಕಕ್ಕೆ ಹಾರಿಬಿಡುತ್ತದೆ. ಈ ಪುಟವನ್ನು ಬರೆಯಲು ಮುಖ್ಯ ಕಾರಣವೇ ಅದು. ಓರೆಗಾನ್‌ನಲ್ಲಿ ಬಯಲಾದ ನಡವಳಿಕೆಗಳಲ್ಲಿ ಬಹುಪಾಲು ರೂಢಿಯಾದದ್ದು ನಮ್ಮ ಈ ಊರಿನಲ್ಲಿ, 1974ರಿಂದ 1981ರವರೆಗಿನ ಏಳು ವರ್ಷಗಳಲ್ಲಿ. ಅದನ್ನು ತಿಳಿಯದೆ ಸರಣಿಯನ್ನು ನೋಡಿದವರಿಗೆ ಎಲ್ಲವೂ ಶೀಲಾ ಎಂಬ ಒಬ್ಬ ಹೆಂಗಸಿನ ದುಡುಕಿನಿಂದ ಆದಂತೆ ಕಾಣುತ್ತದೆ.

ರಜನೀಶ್, ಆಚಾರ್ಯ, ಭಗವಾನ್, ಓಶೋ: ಇವರೆಲ್ಲ ಒಬ್ಬರೇ?

ಒಬ್ಬರೇ. 1931ರ ಡಿಸೆಂಬರ್ 11ರಂದು ಮಧ್ಯಪ್ರದೇಶದ ಕುಚ್‌ವಾಡಾ ಎಂಬ ಹಳ್ಳಿಯ ಜೈನ ಕುಟುಂಬದಲ್ಲಿ ಹುಟ್ಟಿದ ಚಂದ್ರಮೋಹನ ಜೈನ್ ಇವರು. ಸಾಗರ ವಿಶ್ವವಿದ್ಯಾಲಯದಲ್ಲಿ ತತ್ವಶಾಸ್ತ್ರದಲ್ಲಿ ಎಂ.ಎ. ಮಾಡಿ ಜಬಲ್ಪುರದಲ್ಲಿ ಅಧ್ಯಾಪಕರಾಗಿದ್ದರು, 1966ರಲ್ಲಿ ಕೆಲಸ ಬಿಟ್ಟು ಪೂರ್ಣಾವಧಿಯ ಪ್ರವಚನಕಾರರಾದರು. ಅರವತ್ತರ ದಶಕದಲ್ಲಿ ಆಚಾರ್ಯ ರಜನೀಶ್, 1971ರಿಂದ ಭಗವಾನ್ ಶ್ರೀ ರಜನೀಶ್, ಬದುಕಿನ ಕೊನೆಯ ವರ್ಷದಲ್ಲಿ ಓಶೋ. ಈ ಪುಟದಲ್ಲಿ ಆಯಾ ಕಾಲದಲ್ಲಿ ಬಳಕೆಯಲ್ಲಿದ್ದ ರಜನೀಶ್ ಎಂಬ ಹೆಸರನ್ನೇ ಉಳಿಸಿಕೊಂಡಿದ್ದೇನೆ.

‘ಸೆಕ್ಸ್ ಗುರು’ ಎಂಬ ಹೆಸರು ಬಂದದ್ದು ಎಲ್ಲಿಂದ?

ಮುಂಬೈಯಿಂದ. 1968ರ ಆಗಸ್ಟ್ ಕೊನೆಯಲ್ಲಿ ಭಾರತೀಯ ವಿದ್ಯಾ ಭವನದಲ್ಲಿ ಪ್ರೇಮದ ಬಗ್ಗೆ ಮಾತನಾಡಲು ಅವರನ್ನು ಕರೆಸಿದ್ದರು. ಕಾಮವನ್ನು ಹತ್ತಿಕ್ಕುವುದರಿಂದ ಮನುಷ್ಯ ರೋಗಿಯಾಗುತ್ತಾನೆ, ಅದನ್ನು ಅರಿತು ದಾಟಬೇಕು ಎಂದು ಅವರು ನೇರವಾಗಿ ಹೇಳಿದ್ದು ಕೇಳಿ ಸಭೆ ತಲ್ಲಣಿಸಿತು, ಆ ಜಾಗದಲ್ಲಿ ಮುಂದಿನ ಉಪನ್ಯಾಸಗಳು ನಿಂತುಹೋದವು. ಒಂದು ತಿಂಗಳ ನಂತರ ಅವರು ಗೋವಾಲಿಯಾ ಟ್ಯಾಂಕ್ ಮೈದಾನದಲ್ಲಿ ಸಾವಿರಾರು ಜನರ ಮುಂದೆ ಅದೇ ಮಾತನ್ನು ಮುಂದುವರಿಸಿದರು. ಆ ಉಪನ್ಯಾಸಗಳು ಪುಸ್ತಕವಾಗಿ ಹೊರಬಂದ ಮೇಲೆ ಪತ್ರಿಕೆಗಳು ಕೊಟ್ಟ ಈ ಹೆಸರು ಸಾಯುವವರೆಗೂ ಅವರನ್ನು ಬಿಡಲಿಲ್ಲ.

ಆ ಉಪನ್ಯಾಸಗಳನ್ನು ಓದಿದವರಿಗೆ ಒಂದು ಸಂಗತಿ ಸ್ಪಷ್ಟವಾಗುತ್ತದೆ: ಅಲ್ಲಿರುವುದು ಸ್ವೇಚ್ಛಾಚಾರದ ಕರೆಯಲ್ಲ. ಗಾಂಧೀಜಿ, ಸಮಾಜವಾದ, ಸಾಂಪ್ರದಾಯಿಕ ಮಠಾಧೀಶರು, ಎಲ್ಲರನ್ನೂ ಒಟ್ಟಿಗೆ ಟೀಕಿಸುತ್ತಿದ್ದ ಈ ಮಾತುಗಾರನಿಗೆ ಶತ್ರುಗಳು ಮೊದಲೇ ಸಾಕಷ್ಟಿದ್ದರು, ಅವರ ಕೈಗೆ ಒಂದು ಅಡ್ಡಹೆಸರು ಸಿಕ್ಕಿತು ಅಷ್ಟೇ. ನನ್ನ ಮಟ್ಟಿಗೆ ಚಳವಳಿಯ ನಿಜವಾದ ದೋಷಗಳು ಬೇರೆಡೆ ಇವೆ, ಈ ಅಡ್ಡಹೆಸರು ಅವನ್ನು ನೋಡದಂತೆ ಮಾಡಿತು.

ಪುಣೆಗೇ ಏಕೆ ಬಂದರು?

ಮುಂಬೈಯ ಪೆಡ್ಡರ್ ರಸ್ತೆಯ ವುಡ್‌ಲ್ಯಾಂಡ್ಸ್ ಕಟ್ಟಡದಲ್ಲಿದ್ದ ಮನೆ ಶಿಷ್ಯರ ಸಂಖ್ಯೆಗೆ ಸಾಲದಾಯಿತು, ಮುಂಬೈಯ ತೇವದ ಹವೆ ಅವರ ಉಬ್ಬಸಕ್ಕೂ ಒಗ್ಗುತ್ತಿರಲಿಲ್ಲ. ಗ್ರೀಸಿನ ಶ್ರೀಮಂತ ಶಿಷ್ಯೆಯೊಬ್ಬರ ನೆರವಿನಿಂದ ಕೋರೆಗಾಂವ್ ಪಾರ್ಕಿನಲ್ಲಿ ಅಕ್ಕಪಕ್ಕದ ಬಂಗಲೆಗಳನ್ನು, ಒಟ್ಟು ಸುಮಾರು ಆರು ಎಕರೆ ಜಾಗವನ್ನು ಕೊಂಡರು. 1974ರ ಮಾರ್ಚ್ 21ರಂದು ರಜನೀಶ್ ಇಲ್ಲಿಗೆ ಬಂದರು.

ಆಶ್ರಮದಲ್ಲಿ ನಿಜವಾಗಿ ನಡೆಯುತ್ತಿದ್ದುದೇನು?

ದಿನ ಬೆಳಗ್ಗೆ ಪ್ರವಚನ, ಒಂದು ತಿಂಗಳು ಹಿಂದಿಯಲ್ಲಿ, ಮರುತಿಂಗಳು ಇಂಗ್ಲಿಷಿನಲ್ಲಿ. ಉಪನಿಷತ್ತು, ಬುದ್ಧ, ಕಬೀರ, ಲಾವೋತ್ಸೆ, ಏಸು, ಸೂಫಿ ಕಥೆಗಳು, ಝೆನ್ ಎಲ್ಲವೂ ಅಲ್ಲಿ ಹಾದುಹೋಗುತ್ತಿದ್ದವು. ಗುರುಗಳಿಗೆ ಉಬ್ಬಸವಿದ್ದ ಕಾರಣ ಸುವಾಸನೆಯ ಸೋಪು, ಎಣ್ಣೆ ಬಳಸಿದವರನ್ನು ಬಾಗಿಲಲ್ಲೇ ಮೂಸಿ ನೋಡಿ ಹಿಂದೆ ಕಳಿಸಲು ಜನರಿದ್ದರು. ಸಂಜೆ ಸಣ್ಣ ಗುಂಪಿಗೆ ದರ್ಶನ, ಹೊಸಬರಿಗೆ ದೀಕ್ಷೆ. ದೀಕ್ಷೆ ಪಡೆದವರಿಗೆ ಹೊಸ ಹೆಸರು, ಕಿತ್ತಳೆ ಬಣ್ಣದ ಬಟ್ಟೆ, ಗುರುವಿನ ಚಿತ್ರವಿರುವ 108 ಮಣಿಗಳ ಮಾಲೆ. ಗಂಡಸರೆಲ್ಲ ಸ್ವಾಮಿ, ಹೆಂಗಸರೆಲ್ಲ ಮಾ. ಮನೆ ಬಿಡಬೇಕಾಗಿಲ್ಲ, ದುಡಿಮೆ ಬಿಡಬೇಕಾಗಿಲ್ಲ, ಬ್ರಹ್ಮಚರ್ಯದ ಕಟ್ಟುಪಾಡಿಲ್ಲ. 1970ರಲ್ಲಿ ಮನಾಲಿಯಲ್ಲಿ ಆರಂಭವಾದ ಈ ನವಸಂನ್ಯಾಸ ನಮ್ಮ ನಾಡಿನ ಸಂನ್ಯಾಸದ ಕಲ್ಪನೆಯನ್ನೇ ತಲೆಕೆಳಗು ಮಾಡಿತು.

ಧ್ಯಾನವೂ ಕಣ್ಣುಮುಚ್ಚಿ ಕೂರುವ ಬಗೆಯದಲ್ಲ. ಅವರು ರೂಪಿಸಿದ ಡೈನಮಿಕ್ ಧ್ಯಾನಕ್ಕೆ ಒಂದು ಗಂಟೆ, ಐದು ಹಂತ: ಮೊದಲ ಹತ್ತು ನಿಮಿಷ ಲಯವಿಲ್ಲದ ರಭಸದ ಉಸಿರಾಟ, ಮುಂದಿನ ಹತ್ತು ನಿಮಿಷ ಅಳು, ನಗು, ಕೂಗು ಏನು ಬಂದರೂ ತಡೆಯದೆ ಹೊರಹಾಕುವುದು, ಮತ್ತೆ ಹತ್ತು ನಿಮಿಷ ತೋಳೆತ್ತಿ ‘ಹೂ’ ಎನ್ನುತ್ತ ಜಿಗಿಯುವುದು, ಆಮೇಲೆ ಹದಿನೈದು ನಿಮಿಷ ಇದ್ದ ಭಂಗಿಯಲ್ಲೇ ಕಲ್ಲಿನಂತೆ ನಿಲ್ಲುವುದು, ಕೊನೆಯ ಹದಿನೈದು ನಿಮಿಷ ನೃತ್ಯ. ಓಡುತ್ತಲೇ ಇರುವ ಇಂದಿನ ಮನಸ್ಸು ನೇರವಾಗಿ ಮೌನಕ್ಕೆ ಇಳಿಯಲಾರದು, ಮೊದಲು ಒಳಗಿನ ಗದ್ದಲವನ್ನು ಖಾಲಿ ಮಾಡಬೇಕು ಎಂಬುದು ಅವರ ವಾದ. ಈ ವಾದದಲ್ಲಿ ಹುರುಳಿದೆ ಎಂದು ನನಗೆ ಅನ್ನಿಸುತ್ತದೆ, ಜಗತ್ತಿನ ಎಷ್ಟೋ ಕಡೆ ಆಶ್ರಮಕ್ಕೆ ಸಂಬಂಧವಿಲ್ಲದವರೂ ಇದನ್ನು ಇಂದಿಗೂ ಮಾಡುತ್ತಾರೆ.

ಥೆರಪಿ ಗುಂಪುಗಳಲ್ಲಿ ಹೊಡೆದಾಟ ನಡೆಯುತ್ತಿತ್ತು ಎನ್ನುವುದು ನಿಜವೇ?

ನಿಜ. 1975ರ ನಂತರ ಪಶ್ಚಿಮದ ಮನೋಚಿಕಿತ್ಸಕರು ಶಿಷ್ಯರಾಗಿ ಬಂದು ಎನ್‌ಕೌಂಟರ್ (ಮನಸ್ಸಿನಲ್ಲಿ ಅದುಮಿಟ್ಟದ್ದನ್ನು ಎದುರುಬದುರಾಗಿ ಹೊರಹಾಕುವ ಚಿಕಿತ್ಸೆ) ಮುಂತಾದ ಗುಂಪುಗಳನ್ನು ನಡೆಸತೊಡಗಿದರು. ಮೆತ್ತೆ ಹೊದಿಸಿದ ನೆಲಮಾಳಿಗೆಯ ಕೋಣೆಗಳಲ್ಲಿ ಸಿಟ್ಟನ್ನೂ ಕಾಮವನ್ನೂ ತಡೆಯಿಲ್ಲದೆ ಹೊರಗೆಡಹಲು ಬಿಟ್ಟಾಗ ಮೂಳೆ ಮುರಿದುಕೊಂಡು ಹೊರಬಂದವರಿದ್ದಾರೆ. ಈ ಬಗೆಯ ಚಿಕಿತ್ಸೆಗೆ ಹೆಸರಾದ ಕ್ಯಾಲಿಫೋರ್ನಿಯಾದ ಎಸಲೆನ್ ಸಂಸ್ಥೆಯ ಸ್ಥಾಪಕರಲ್ಲೊಬ್ಬರಾದ ರಿಚರ್ಡ್ ಪ್ರೈಸ್ ಇಲ್ಲಿಗೆ ಬಂದು, ಕಂಡ ಹಿಂಸೆಗೆ ಬೇಸತ್ತು ಹಿಂದಿರುಗಿ ಬಹಿರಂಗವಾಗಿ ಟೀಕಿಸಿದರು. ವುಲ್ಫ್‌ಗಾಂಗ್ ಡೊಬ್ರೊವೊಲ್ನಿ ಎಂಬ ಜರ್ಮನ್ ನಿರ್ದೇಶಕ ಒಳಗೆ ಚಿತ್ರೀಕರಿಸಿದ ‘ಆಶ್ರಮ್ ಇನ್ ಪೂನಾ’ ಎಂಬ ಸಾಕ್ಷ್ಯಚಿತ್ರದಲ್ಲಿ ಅಂಥ ಒಂದು ಗುಂಪಿನ ದೃಶ್ಯಗಳಿವೆ, ನೋಡುವುದು ಸುಲಭವಲ್ಲ. 1979ರ ಆರಂಭದಲ್ಲಿ ಗುಂಪುಗಳಲ್ಲಿ ಹಿಂಸೆಯನ್ನು ನಿಲ್ಲಿಸಿದ್ದೇವೆ, ಅದರ ಕೆಲಸ ಮುಗಿಯಿತು ಎಂದು ಆಶ್ರಮವೇ ಪ್ರಕಟಿಸಿತು.

ಆ ಪ್ರಕಟಣೆಯ ತರ್ಕವನ್ನು ಗಮನಿಸಬೇಕು. ಗಾಯಗೊಂಡವರ ಬಗ್ಗೆ ವಿಷಾದವಿಲ್ಲ, ಹೊರಗಿನ ವೈದ್ಯರಿಂದ ಪರಿಶೀಲನೆಯಿಲ್ಲ. ಹಿಂಸೆ ಬೇಕಾಗಿದ್ದಾಗ ಇತ್ತು, ಬೇಡವಾದಾಗ ನಿಂತಿತು, ಎರಡನ್ನೂ ತೀರ್ಮಾನಿಸಿದ್ದು ಒಳಗಿನವರೇ. ಶಿಷ್ಯನ ಪಾಲಿಗೆ ಒಳ್ಳೆಯದು ಯಾವುದು ಎಂದು ಗುರುವಿಗೆ ಗೊತ್ತು, ಶಿಷ್ಯ ಒಪ್ಪಿಸಿಕೊಂಡರೆ ಸಾಕು ಎಂಬ ನಂಬಿಕೆ ಇಲ್ಲಿ ಬಲಿಯಿತು. ಇದೇ ಅವಧಿಯಲ್ಲಿ ಅನೇಕ ಶಿಷ್ಯರು, ಅದರಲ್ಲೂ ಚಿಕ್ಕ ವಯಸ್ಸಿನ ಹೆಂಗಸರು, ಸಂತಾನಹರಣ ಶಸ್ತ್ರಚಿಕಿತ್ಸೆಗೆ ಒಳಗಾದರು. ಸ್ವಇಚ್ಛೆಯಿಂದ ಎಂದು ಆಗ ಹೇಳಿದ ಕೆಲವರು ಮುಂದೆ ಅದು ಒತ್ತಡವಾಗಿತ್ತು ಎಂದು ನೋವಿನಿಂದ ಹೇಳಿಕೊಂಡಿದ್ದಾರೆ.

ಅಷ್ಟೊಂದು ವಿದೇಶಿಯರು ಬಂದದ್ದು ಏಕೆ?

ವಿಯೆಟ್ನಾಂ ಯುದ್ಧ, ಹಿಪ್ಪಿಗಳ ಕಾಲ, ಚರ್ಚಿನ ಮೇಲಿನ ಮುನಿಸು, ಮನಶ್ಶಾಸ್ತ್ರದ ಹೊಸ ಅಲೆ ಇವೆಲ್ಲ ಸೇರಿ ಯುರೋಪ್ ಮತ್ತು ಅಮೆರಿಕದ ಓದಿದ ಯುವಜನರನ್ನು ಪೂರ್ವಕ್ಕೆ ತಳ್ಳಿದ್ದವು. ಗೋವಾದ ಅಂಜುಣದ ಕಡಲತೀರಕ್ಕೆ ಬಂದವರಲ್ಲಿ ಅನೇಕರು ಪುಣೆಗೂ ಬಂದರು. ಇತರ ಆಶ್ರಮಗಳು ಅವರಿಗೆ ಬಿಡಲು ಹೇಳಿದ್ದನ್ನು ಈ ಗುರು ಬಿಡಲು ಹೇಳಲಿಲ್ಲ, ಅವರ ಫ್ರಾಯ್ಡ್, ನೀಷೆಯನ್ನು ಓದಿಕೊಂಡಿದ್ದರು, ತಮಾಷೆ ಮಾಡುತ್ತಿದ್ದರು. ವೈದ್ಯರು, ವಕೀಲರು, ಪತ್ರಕರ್ತರು, ಸಂಗೀತಗಾರರು ಇದ್ದ ಗುಂಪು ಅದು. ‘ದಾರಿತಪ್ಪಿದ ಹಿಪ್ಪಿಗಳು’ ಎಂದು ಒಂದೇ ಮಾತಿನಲ್ಲಿ ತಳ್ಳಿಹಾಕುವವರು ಇದನ್ನು ಮರೆಯುತ್ತಾರೆ. ಭಾರತೀಯರೂ ಕಡಿಮೆ ಇರಲಿಲ್ಲ, ನಟ ವಿನೋದ್ ಖನ್ನಾ ಖ್ಯಾತಿಯ ತುದಿಯಲ್ಲಿದ್ದಾಗ ಸಿನಿಮಾ ಬಿಟ್ಟು ಓರೆಗಾನ್‌ಗೆ ಹೋಗಿ ತೋಟದ ಕೆಲಸ ಮಾಡಿದರು.

ಪುಣೆಯ ಜನರಿಗೆ ಸಿಟ್ಟು ಬಂದದ್ದು ಏಕೆ?

ಎಪ್ಪತ್ತರ ದಶಕದ ಪುಣೆ ಪಿಂಚಣಿದಾರರ, ವಿದ್ಯಾಲಯಗಳ, ಕಟ್ಟುನಿಟ್ಟಿನ ಊರು. ರಸ್ತೆಯಲ್ಲಿ ತಬ್ಬಿಕೊಂಡು ಓಡಾಡುವ, ಅದೂ ಸಂನ್ಯಾಸಿಯ ಬಣ್ಣದ ಬಟ್ಟೆಯುಟ್ಟ ಜೋಡಿಗಳನ್ನು ನೋಡಿ ಊರು ಕೆರಳಿತು. ಉಡುಪಿ, ಕುಂದಾಪುರದ ಕಡೆಯಿಂದ ಬಂದು ಇಲ್ಲಿ ಹೋಟೆಲಿನಲ್ಲಿ ದುಡಿದ ನಮ್ಮ ಹಿರಿಯರ ಮಾತಿನಲ್ಲೂ ಆ ಇಬ್ಬಗೆ ಕೇಳಿಸುತ್ತದೆ: ಗಿರಾಕಿಗಳಾಗಿ ಅವರು ಸಭ್ಯರು, ಸರಿಯಾಗಿ ದುಡ್ಡು ಕೊಡುವವರು, ಆದರೆ ಮನೆಯ ಹೆಣ್ಣುಮಕ್ಕಳನ್ನು ಆ ರಸ್ತೆಗೆ ಕಳಿಸುತ್ತಿರಲಿಲ್ಲ. ಕಾವಿಗೆ ಅವಮಾನ ಎಂಬ ಸಿಟ್ಟು 1980ರ ಮೇ ತಿಂಗಳಲ್ಲಿ ಹಿಂಸೆಗೂ ತಿರುಗಿತು, ಬೆಳಗಿನ ಪ್ರವಚನದ ನಡುವೆ ಯುವಕನೊಬ್ಬ ರಜನೀಶರತ್ತ ಚಾಕು ಎಸೆದ. ಯಾರಿಗೂ ಗಾಯವಾಗಲಿಲ್ಲ.

ಹಾಗಾದರೆ 1981ರಲ್ಲಿ ಇಲ್ಲಿಂದ ಹೊರಟದ್ದು ಬೆದರಿಕೆಯ ಕಾರಣಕ್ಕೇ?

ಬೆದರಿಕೆ ಒಂದು ಕಾರಣ ಮಾತ್ರ. ಮೊರಾರ್ಜಿ ದೇಸಾಯಿ ಸರ್ಕಾರದ ಕಾಲದಲ್ಲಿ ಆಶ್ರಮದ ತೆರಿಗೆ ವಿನಾಯಿತಿ ರದ್ದಾಗಿ ಭಾರಿ ಬಾಕಿಯ ಬೇಡಿಕೆ ಬಂದಿತ್ತು. ವರ್ಷಕ್ಕೆ ಸುಮಾರು 30,000 ಜನ ಬರುವ ಹಂತಕ್ಕೆ ಬೆಳೆದ ಆಶ್ರಮಕ್ಕೆ ಆರು ಎಕರೆ ಸಾಲುತ್ತಿರಲಿಲ್ಲ. ಕಚ್ಛ್‌ನಲ್ಲಿ ದೊಡ್ಡ ಜಾಗ ಪಡೆಯುವ ಯೋಜನೆ ಸರ್ಕಾರದ ಅಡ್ಡಿಯಿಂದ ನಿಂತಿತು, ಪುಣೆಯ ಹತ್ತಿರದ ಸಾಸವಡದಲ್ಲಿ ಮಾಡಿದ ಪ್ರಯತ್ನವೂ ಕೈಗೂಡಲಿಲ್ಲ. ಅಷ್ಟರಲ್ಲಿ ಹಳೆಯ ಕಾರ್ಯದರ್ಶಿ ಲಕ್ಷ್ಮಿಯವರ ಜಾಗಕ್ಕೆ ವಡೋದರಾ ಮೂಲದ ಶೀಲಾ ಬಂದಿದ್ದರು. 1981ರ ಏಪ್ರಿಲ್‌ನಲ್ಲಿ ರಜನೀಶ್ ಸಾರ್ವಜನಿಕವಾಗಿ ಮೌನ ಹಿಡಿದರು, ಜೂನ್ 1ರಂದು ಬೆನ್ನುನೋವಿನ ಚಿಕಿತ್ಸೆಯ ಕಾರಣ ಕೊಟ್ಟು ಅಮೆರಿಕಕ್ಕೆ ಹೋದರು. ಅಂಥ ಶಸ್ತ್ರಚಿಕಿತ್ಸೆ ಅಲ್ಲಿ ನಡೆಯಲೇ ಇಲ್ಲ. ಸಾವಿರಾರು ಶಿಷ್ಯರಿಗೆ ತಮ್ಮ ಗುರು ಊರು ಬಿಟ್ಟದ್ದು ತಿಳಿದದ್ದು ಅವರು ಹೋದ ಮೇಲೆ.

ಓರೆಗಾನ್‌ನಲ್ಲಿ ಏನಾಯಿತು?

1981ರ ಜುಲೈನಲ್ಲಿ ಓರೆಗಾನ್‌ನ ಒಣ ಗುಡ್ಡಗಾಡಿನಲ್ಲಿ 64,000 ಎಕರೆಗೂ ಹೆಚ್ಚಿನ ಬಿಗ್ ಮಡ್ಡಿ ರಾಂಚ್ ಎಂಬ ದನ ಮೇಯಿಸುವ ಜಮೀನನ್ನು 57.5 ಲಕ್ಷ ಡಾಲರ್‌ಗೆ ಕೊಂಡರು. ಅತಿಯಾಗಿ ಮೇಯಿಸಿ ಬರಡಾಗಿದ್ದ ಆ ನೆಲದಲ್ಲಿ ಅಣೆಕಟ್ಟು, ತೋಟ, ಡೈರಿ, ವಿಮಾನ ಇಳಿಯುವ ಪಟ್ಟಿ, ಬಸ್ಸು, ಅಂಗಡಿ ಬೀದಿ ಎಲ್ಲವನ್ನೂ ಎರಡು ಮೂರು ವರ್ಷಗಳಲ್ಲಿ ಕಟ್ಟಿದರು. ಇದು ನಿಜಕ್ಕೂ ಬೆರಗಿನ ಸಾಧನೆ, ವಿರೋಧಿಗಳೂ ಅದನ್ನು ಅಲ್ಲಗಳೆಯುವುದಿಲ್ಲ. 1982ರಲ್ಲಿ ರಜನೀಶ್‌ಪುರಂ ಎಂಬ ನಗರವಾಗಿ ನೋಂದಾಯಿಸಿದರು.

ತೊಡಕು ಆರಂಭವಾದದ್ದು ಕೃಷಿ ಭೂಮಿಯಲ್ಲಿ ನಗರ ಕಟ್ಟಬಹುದೇ ಎಂಬ ಕಾನೂನಿನ ಪ್ರಶ್ನೆಯಿಂದ. ನೆರೆಯ ಆ್ಯಂಟಲೋಪ್‌ನಲ್ಲಿ ಬೆರಳೆಣಿಕೆಯ ಕುಟುಂಬಗಳಿದ್ದವು. ಅಲ್ಲಿ ಮನೆಗಳನ್ನು ಕೊಂಡು, ಚುನಾವಣೆಯಲ್ಲಿ ಗೆದ್ದು, ಊರಿನ ಆಡಳಿತವನ್ನು ವಶಪಡಿಸಿಕೊಂಡು, ಊರಿನ ಹೆಸರನ್ನೇ ರಜನೀಶ್ ಎಂದು ಬದಲಿಸಿದರು. 1983ರಲ್ಲಿ ಪೋರ್ಟ್‌ಲ್ಯಾಂಡ್‌ನಲ್ಲಿದ್ದ ಅವರ ಹೋಟೆಲಿನಲ್ಲಿ ಬಾಂಬ್ ಸ್ಫೋಟವಾಯಿತು, ಆಮೇಲೆ ಬಂದೂಕು ಹಿಡಿದ ಕಾವಲು ಬಲವಾಯಿತು. ಅದೇ ವರ್ಷ ರಾಜ್ಯದ ಅಟಾರ್ನಿ ಜನರಲ್ ಡೇವಿಡ್ ಫ್ರೋನ್‌ಮೇಯರ್, ಧರ್ಮಸಂಸ್ಥೆಯೇ ನಗರಾಡಳಿತವಾದರೆ ಅದು ಸಂವಿಧಾನಕ್ಕೆ ವಿರುದ್ಧ ಎಂಬ ಅಭಿಪ್ರಾಯ ಕೊಟ್ಟರು.

ಸಲಾಡ್‌ನಲ್ಲಿ ವಿಷ ಬೆರೆಸಿದ್ದು ಕಟ್ಟುಕಥೆಯಲ್ಲವೇ?

ಅಲ್ಲ, ನ್ಯಾಯಾಲಯದಲ್ಲಿ ತಪ್ಪೊಪ್ಪಿಕೊಂಡ ಅಪರಾಧ. 1984ರ ನವೆಂಬರ್‌ನಲ್ಲಿ, ರಜನೀಶ್‌ಪುರಂ ಸೇರಿದ್ದ ವಾಸ್ಕೋ ಕೌಂಟಿಯ (ಕೌಂಟಿ ಎಂದರೆ ನಮ್ಮ ಜಿಲ್ಲೆಯಂಥದ್ದು) ಚುನಾವಣೆಯಿತ್ತು. ವಿರೋಧಿ ಮತದಾರರು ಮತಗಟ್ಟೆಗೆ ಬರದಂತೆ ಮಾಡುವ ಪ್ರಯೋಗವಾಗಿ, ಸೆಪ್ಟೆಂಬರ್‌ನಲ್ಲಿ ದ ಡ್ಯಾಲ್ಸ್ ಎಂಬ ಪಟ್ಟಣದ ಹತ್ತು ಉಪಾಹಾರ ಗೃಹಗಳ ಸಲಾಡ್‌ಗೆ, ಕಮ್ಯೂನಿನ (ಶಿಷ್ಯರು ಒಟ್ಟಾಗಿ ಬಾಳುತ್ತಿದ್ದ ನೆಲೆಯ) ಪ್ರಯೋಗಾಲಯದಲ್ಲಿ ಬೆಳೆಸಿದ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾವನ್ನು ಬೆರೆಸಿದರು. 751 ಜನ ಕಾಯಿಲೆ ಬಿದ್ದರು, 45 ಮಂದಿ ಆಸ್ಪತ್ರೆ ಸೇರಿದರು, ಯಾರೂ ಸಾಯಲಿಲ್ಲ. ಅಡುಗೆಯವರ ಕೈಯ ಕೊಳೆಯೇ ಕಾರಣವೆಂದು ಆರೋಗ್ಯಾಧಿಕಾರಿಗಳು ಮೊದಲು ತಿಳಿದಿದ್ದರು, ನಿಜ ಬಯಲಾದದ್ದು ಒಂದು ವರ್ಷದ ಮೇಲೆ. ಅಮೆರಿಕದ ಇತಿಹಾಸದಲ್ಲಿ ಜೈವಿಕ ದಾಳಿಗೆ ತುತ್ತಾದವರ ಸಂಖ್ಯೆ ಇಷ್ಟು ದೊಡ್ಡದಾದ ಇನ್ನೊಂದು ಪ್ರಕರಣವಿಲ್ಲ.

ಬೇರೆ ಬೇರೆ ನಗರಗಳಿಂದ ಮನೆಯಿಲ್ಲದ ಸಾವಿರಾರು ಜನರನ್ನು ಬಸ್ಸುಗಳಲ್ಲಿ ತಂದು ಮತದಾರರನ್ನಾಗಿಸುವ ಯತ್ನವೂ ಇದೇ ಕಾಲದ್ದು. ಹೊಸ ನೋಂದಣಿಗಳನ್ನು ಕೌಂಟಿ ತಡೆದ ಮೇಲೆ ಅವರು ಯಾರಿಗೂ ಬೇಡವಾದರು. ಅವರನ್ನು ಸುತ್ತಮುತ್ತಲ ಊರುಗಳಲ್ಲಿ ಇಳಿಸಿ ಕೈತೊಳೆದುಕೊಂಡದ್ದನ್ನು ಸರಣಿಯಲ್ಲಿ ನೋಡುವಾಗ ನನಗಾಗುವ ಸಂಕಟ ವಿಷಪ್ರಾಶನದ ಕಥೆ ಕೇಳುವಾಗಿನದಕ್ಕಿಂತ ಕಡಿಮೆಯೇನಲ್ಲ.

ತಪ್ಪೆಲ್ಲ ಶೀಲಾ ಅವರದೇ? ಗುರುವಿಗೆ ಏನೂ ಗೊತ್ತಿರಲಿಲ್ಲವೇ?

ಅತಿ ಹೆಚ್ಚು ಕೇಳುವ ಪ್ರಶ್ನೆ ಇದೇ. ಮೊದಲು ದಾಖಲೆಯಲ್ಲಿರುವುದು. 1985ರ ಸೆಪ್ಟೆಂಬರ್ ಮಧ್ಯದಲ್ಲಿ ಶೀಲಾ ಮತ್ತು ಆಪ್ತರು ಯುರೋಪಿಗೆ ಹೋದರು. ಕೆಲವೇ ದಿನಗಳಲ್ಲಿ ರಜನೀಶ್ ಪತ್ರಕರ್ತರನ್ನು ಕರೆದು, ವಿಷಪ್ರಾಶನ, ದೂರವಾಣಿ ಕದ್ದಾಲಿಕೆ, ತಮ್ಮ ವೈದ್ಯರನ್ನು ಕೊಲ್ಲುವ ಯತ್ನ ಎಲ್ಲವನ್ನೂ ಶೀಲಾ ಗುಂಪು ಮಾಡಿತೆಂದು ತಾವೇ ಆರೋಪಿಸಿ ತನಿಖೆಗೆ ಒತ್ತಾಯಿಸಿದರು. ಜರ್ಮನಿಯಲ್ಲಿ ಸೆರೆಯಾದ ಶೀಲಾ 1986ರಲ್ಲಿ ಕೊಲೆಯತ್ನ, ವಿಷಪ್ರಾಶನ, ಕದ್ದಾಲಿಕೆ ಮುಂತಾದ ಅಪರಾಧಗಳನ್ನು ಒಪ್ಪಿಕೊಂಡು ಇಪ್ಪತ್ತು ವರ್ಷದ ಶಿಕ್ಷೆ ಪಡೆದರು, 29 ತಿಂಗಳ ನಂತರ ಬಿಡುಗಡೆಯಾದರು. ಈ ಅಪರಾಧಗಳಲ್ಲಿ ರಜನೀಶರ ಮೇಲೆ ಮೊಕದ್ದಮೆ ನಡೆಯಲಿಲ್ಲ. ಅವರ ಮೇಲಿದ್ದದ್ದು ವಲಸೆ ಕಾನೂನಿನ ವಂಚನೆಯ ಆರೋಪ. ಅಕ್ಟೋಬರ್ 28ರಂದು ಉತ್ತರ ಕ್ಯಾರೊಲಿನಾದ ಷಾರ್ಲಟ್‌ನಲ್ಲಿ ಅವರನ್ನು ಬಂಧಿಸಿದರು. ಅಪರಾಧ ಒಪ್ಪದೆಯೇ ಶಿಕ್ಷೆ ಸ್ವೀಕರಿಸುವ, ಅಮೆರಿಕದ ಕಾನೂನಿನಲ್ಲಿರುವ ಒಂದು ಬಗೆಯ ಒಪ್ಪಂದ ಮಾಡಿಕೊಂಡು ನಾಲ್ಕು ಲಕ್ಷ ಡಾಲರ್ ತೆತ್ತು ದೇಶ ಬಿಟ್ಟರು.

ಇನ್ನು ನನ್ನ ಅಭಿಪ್ರಾಯ. ಪ್ರತಿಯೊಂದು ಸಂಚೂ ಗುರುವಿಗೆ ತಿಳಿದಿತ್ತು ಎಂದು ಹೇಳಲು ಆಧಾರ ಸಾಲದು. ಆದರೆ ಮೌನದ ಮೂರೂವರೆ ವರ್ಷ ಸಾವಿರಾರು ಜನರ ಬದುಕಿನ ಆಜ್ಞೆಗಳೆಲ್ಲ ‘ಭಗವಾನ್ ಹೇಳಿದ್ದಾರೆ’ ಎಂಬ ಮುದ್ರೆಯೊಡನೆ ಒಬ್ಬರೇ ಕಾರ್ಯದರ್ಶಿಯ ಬಾಯಿಂದ ಬರುವಂಥ ವ್ಯವಸ್ಥೆಯನ್ನು ಒಪ್ಪಿದವರು ಅವರೇ. ಆ ವ್ಯವಸ್ಥೆಯ ಮೊದಲ ರೂಪ ಲಕ್ಷ್ಮಿಯವರ ಕಾಲದ ಕೋರೆಗಾಂವ್ ಪಾರ್ಕಿನಲ್ಲೇ ಇತ್ತು. ಕಾರ್ಯದರ್ಶಿಯನ್ನು ಪ್ರಶ್ನಿಸಿದರೆ ಗುರುವಿಗೆ ಒಪ್ಪಿಸಿಕೊಂಡಿಲ್ಲ ಎಂದರ್ಥ, ಒಪ್ಪಿಸಿಕೊಳ್ಳದವರಿಗೆ ಅಲ್ಲಿ ಜಾಗವಿಲ್ಲ. ಇಂಥ ಕಡೆ ಅಪರಾಧ ನಡೆದಾಗ ಮೇಲಿನವರು ‘ತಿಳಿದಿರಲಿಲ್ಲ’ ಎನ್ನುವುದು ಸತ್ಯವಾಗಿದ್ದರೂ ಸಮಜಾಯಿಷಿಯಾಗಲಾರದು. ಸರಣಿಯು ಶೀಲಾ ಅವರ ಮಾತಿನ ಚುರುಕಿಗೆ ಮನಸೋತು ಈ ಪ್ರಶ್ನೆಯನ್ನು ಇಬ್ಬರು ವ್ಯಕ್ತಿಗಳ ಜಗಳವನ್ನಾಗಿಸಿದೆ.

ಅಮೆರಿಕದವರು ಜನಾಂಗದ್ವೇಷದಿಂದ ಅನ್ಯಾಯ ಮಾಡಲಿಲ್ಲವೇ?

ದ್ವೇಷ ಇತ್ತು. ಗುಂಡಿಟ್ಟು ಕೊಲ್ಲಬೇಕೆಂಬ ಮಾತುಗಳು, ಅಸಹ್ಯದ ಪೋಸ್ಟರುಗಳು ಸುದ್ದಿಚಿತ್ರಗಳಲ್ಲೇ ದಾಖಲಾಗಿವೆ. ಅಧಿಕಾರಿಗಳು ಮೊದಲಿನಿಂದಲೂ ಈ ಜನರನ್ನು ಓಡಿಸುವ ದಾರಿ ಹುಡುಕುತ್ತಿದ್ದರು ಎಂಬ ಅನುಮಾನಕ್ಕೂ ಎಡೆಯಿದೆ. ಆದರೆ ದ ಡ್ಯಾಲ್ಸ್‌ನಲ್ಲಿ ಮಧ್ಯಾಹ್ನ ಊಟಕ್ಕೆ ಕುಳಿತವರು ಆ ದ್ವೇಷದ ಲೆಕ್ಕ ಚುಕ್ತಾ ಮಾಡಬೇಕಾದವರಾಗಿರಲಿಲ್ಲ.

ಸರಣಿ ಹೇಳದೆ ಬಿಟ್ಟದ್ದು ಏನಾದರೂ ಇದೆಯೇ?

ಮಕ್ಕಳ ವಿಷಯ. ಪುಣೆಯ ಆಶ್ರಮದಲ್ಲೂ ಓರೆಗಾನ್‌ನಲ್ಲೂ ಯುರೋಪಿನ ಕಮ್ಯೂನುಗಳಲ್ಲೂ ಮಕ್ಕಳನ್ನು ತಂದೆತಾಯಿಯರಿಂದ ಬೇರೆಯಾಗಿ, ಕಮ್ಯೂನಿನ ಮಕ್ಕಳೆಂದು ಬೆಳೆಸುವ ಪದ್ಧತಿಯಿತ್ತು. ಅಲ್ಲಿ ಬೆಳೆದವರಲ್ಲಿ ಹಲವರು ದೊಡ್ಡವರಾದ ಮೇಲೆ, ಹತ್ತು ಹನ್ನೆರಡರ ವಯಸ್ಸಿನಲ್ಲೇ ವಯಸ್ಕರಿಂದ ತಮ್ಮ ಮೇಲೆ ಲೈಂಗಿಕ ದೌರ್ಜನ್ಯ ನಡೆಯಿತು, ಅದನ್ನು ಸುತ್ತಲಿನವರು ಸಹಜವೆಂಬಂತೆ ನೋಡುತ್ತಿದ್ದರು ಎಂದು ಬರೆದಿದ್ದಾರೆ, ಕ್ಯಾಮೆರಾದ ಮುಂದೆ ಹೇಳಿದ್ದಾರೆ. 2024ರಲ್ಲಿ ಬಂದ ‘ಚಿಲ್ಡ್ರನ್ ಆಫ್ ದ ಕಲ್ಟ್’ ಎಂಬ ಸಾಕ್ಷ್ಯಚಿತ್ರದ ವಸ್ತುವೇ ಇದು. ಅದನ್ನು ಮಾಡಿದವರಲ್ಲಿ ಒಬ್ಬರು ಸ್ವತಃ ಆ ಕಮ್ಯೂನುಗಳಲ್ಲಿ ಬೆಳೆದವರು.

ಆರು ಕಂತುಗಳ, ಆರು ಗಂಟೆಗೂ ಹೆಚ್ಚಿನ ಸರಣಿಯಲ್ಲಿ ಇದಕ್ಕೆ ಜಾಗ ಸಿಗದೆ ಹೋದದ್ದನ್ನು ನಾನು ಸಣ್ಣ ಲೋಪವೆಂದು ಒಪ್ಪಲಾರೆ. ರೋಲ್ಸ್ ರಾಯ್ಸ್, ಬಂದೂಕು, ನ್ಯಾಯಾಲಯ ಎಲ್ಲವೂ ದೊಡ್ಡವರ ಕಥೆ. ಸ್ವಇಚ್ಛೆಯಿಂದ ಬಂದೆವು ಎಂದು ಆ ದೊಡ್ಡವರಾದರೂ ಹೇಳಬಹುದು, ಮಕ್ಕಳನ್ನು ಯಾರೂ ಕೇಳಿರಲಿಲ್ಲ. ಒಂದೇ ಸಾಕ್ಷ್ಯಚಿತ್ರ ನೋಡಲು ಸಮಯವಿದೆ ಎನ್ನುವವರಿಗೆ ನಾನು ಈಗ ಎರಡನೆಯದನ್ನೇ ಸೂಚಿಸುತ್ತೇನೆ.

ಇವರು ನಮ್ಮ ವಚನಕಾರರ ಹಾಗೆ ಬಂಡಾಯಗಾರರಲ್ಲವೇ?

ಕನ್ನಡಿಗರು ಮಾತ್ರ ಕೇಳುವ ಪ್ರಶ್ನೆ ಇದು, ಕೇಳಬೇಕಾದದ್ದೇ. ಸ್ಥಾವರವನ್ನು ನಿರಾಕರಿಸುವುದು, ಪುರೋಹಿತರನ್ನು ಪ್ರಶ್ನಿಸುವುದು, ಗೃಹಸ್ಥನಿಗೂ ಹೆಣ್ಣಿಗೂ ಸಾಧನೆಯ ದಾರಿ ತೆರೆಯುವುದು, ಇವುಗಳಲ್ಲಿ ಹೋಲಿಕೆ ಕಾಣುತ್ತದೆ. ಆಶ್ರಮದ ಆಡಳಿತದ ಆಯಕಟ್ಟಿನ ಸ್ಥಾನಗಳಲ್ಲಿ ಹೆಂಗಸರೇ ಹೆಚ್ಚಾಗಿದ್ದರು ಎಂಬುದೂ ಆ ಕಾಲಕ್ಕೆ ಅಪರೂಪ.

ಆದರೆ ಶೂನ್ಯಸಂಪಾದನೆಯಲ್ಲಿ ಅಲ್ಲಮ ಅಕ್ಕನನ್ನು ಪ್ರಶ್ನಿಸುತ್ತಾನೆ, ಅಕ್ಕ ಎದುರುತ್ತರ ಕೊಡುತ್ತಾಳೆ, ಅನುಭವ ಮಂಟಪದ ಹಿರಿಮೆ ಇರುವುದೇ ಆ ಎದುರುತ್ತರದಲ್ಲಿ. ಕಲ್ಯಾಣದಲ್ಲಿ ಅಂಬಿಗನೂ ಮಾದಾರನೂ ತಮ್ಮದೇ ಅಂಕಿತದಲ್ಲಿ ಬರೆದರು. ಪ್ರವಚನ ನಡೆಯುತ್ತಿದ್ದ ಪುಣೆಯ ಬುದ್ಧ ಹಾಲ್‌ನಲ್ಲಿ ಪ್ರಶ್ನೆಗಳು ಚೀಟಿಯಲ್ಲಿ ಹೋಗುತ್ತಿದ್ದವು, ಉತ್ತರ ಒಬ್ಬರದೇ, ಆ ಒಬ್ಬರ ಮಾತಿನಿಂದಲೇ ನೂರಾರು ಪುಸ್ತಕಗಳಾದವು. ಕಾಯಕದ ವಿಷಯದಲ್ಲೂ ಹಾಗೆಯೇ. ಶಿಷ್ಯರು ದಿನಕ್ಕೆ ಹನ್ನೆರಡು ಗಂಟೆ ಸಂಬಳವಿಲ್ಲದೆ ದುಡಿಯುವುದನ್ನು ಧ್ಯಾನವೆಂದು ಕರೆದರು, ಫಲ ಸಂಸ್ಥೆಗೆ ಸೇರಿತು. ಗುರುವಿನ ಮಾತಿನಲ್ಲಿ ಬಂಡಾಯವಿತ್ತು ನಿಜ, ಶಿಷ್ಯನಿಗೆ ಗುರುವಿನ ವಿರುದ್ಧ ಬಂಡೇಳಲು ಆಸ್ಪದವಿರಲಿಲ್ಲ.

ರಜನೀಶರಿಗಾಗಿ ಕೊಂಡ 93 ರೋಲ್ಸ್ ರಾಯ್ಸ್ ಕಾರುಗಳು ನಿಜವೇ?

ನಿಜ. ಅವುಗಳನ್ನು ಕಮ್ಯೂನ್ ಮುಚ್ಚಿದ ಮೇಲೆ ಮಾರಿದರು.

ಭಾರತಕ್ಕೆ ಮರಳಿದ ಮೇಲೆ?

ಇಪ್ಪತ್ತಕ್ಕೂ ಹೆಚ್ಚು ದೇಶಗಳು ಒಳಬಿಡದೆ ಹೋದ ಅಥವಾ ಹೊರಗೆ ಕಳಿಸಿದ ಮೇಲೆ 1986ರ ಮಧ್ಯದಲ್ಲಿ ಮುಂಬೈಯ ಜುಹುವಿಗೆ, 1987ರ ಜನವರಿಯಲ್ಲಿ ಪುಣೆಗೆ ಬಂದರು. ಹಳೆಯ ಶಿಷ್ಯರು ಇದನ್ನು ‘ಪೂನಾ ಟೂ’ ಎನ್ನುತ್ತಾರೆ. ಕೆಂಪು ಬಟ್ಟೆ, ಮಾಲೆಯ ಕಡ್ಡಾಯ ಆಗಲೇ ಹೋಗಿತ್ತು. ಪ್ರವಚನಗಳು ಹೆಚ್ಚಾಗಿ ಝೆನ್ ಕಡೆ ತಿರುಗಿದವು, ಆರೋಗ್ಯ ಕುಸಿಯುತ್ತ ಹೋಯಿತು. ಅಮೆರಿಕದ ಸೆರೆಯಲ್ಲಿ ತಮಗೆ ಥಾಲಿಯಂ ವಿಷ ಕೊಟ್ಟರೆಂದು ಅವರು ಹೇಳಿದರು, ಅದಕ್ಕೆ ಪುರಾವೆ ಹೊರಬರಲಿಲ್ಲ. 1990ರ ಜನವರಿ 19ರಂದು, 58ನೆಯ ವಯಸ್ಸಿನಲ್ಲಿ ತೀರಿಕೊಂಡರು. ಅದೇ ಸಂಜೆ ಅಂತ್ಯಕ್ರಿಯೆ ನಡೆಯಿತು. ಇಷ್ಟು ಅವಸರವೇಕೆ ಎಂಬ ಪ್ರಶ್ನೆಯನ್ನು ಅವರ ಅನುಯಾಯಿಗಳಲ್ಲೇ ಒಂದು ಗುಂಪು ಇಂದಿಗೂ ಕೇಳುತ್ತಿದೆ.

ಇಷ್ಟೆಲ್ಲ ತಿಳಿದ ಮೇಲೆ ಅವರ ಪುಸ್ತಕಗಳನ್ನು ಓದಬಹುದೇ?

ಧಾರಾಳವಾಗಿ. ಕನ್ನಡದಲ್ಲೂ ಹಲವು ಅನುವಾದಗಳಿವೆ, ಪುಣೆ ಮುಂಬೈಯ ಕನ್ನಡದ ಮನೆಗಳಲ್ಲಿ ಅವು ಸಾಮಾನ್ಯ. ಕಬೀರನ ಮೇಲೆ, ಬುದ್ಧನ ಮೇಲೆ ಅವರು ಹಿಂದಿಯಲ್ಲಿ ಆಡಿದ ಮಾತುಗಳ ಸೊಗಸು ನಿಜವಾದದ್ದು. ಆದರೆ ಬರೆದ ಪುಸ್ತಕಗಳಲ್ಲ ಅವು, ಆಡಿದ ಮಾತುಗಳು. ಇಂದು ಹೇಳಿದ್ದನ್ನು ನಾಳೆ ತಿರುವಿಹಾಕುತ್ತಿದ್ದರು, ಚರಿತ್ರೆಯ, ವಿಜ್ಞಾನದ ಸಂಗತಿಗಳನ್ನು ಬಾಯಿಗೆ ಬಂದಂತೆ ಹೇಳುತ್ತಿದ್ದರು, ಸಲಿಂಗಿಗಳ ಬಗ್ಗೆ ಆಡಿದ ಮಾತುಗಳು ಓದಲು ಕಷ್ಟ. ಮೆಚ್ಚುವವರು ಅದನ್ನೂ ಬಿಡದೆ ಓದಬೇಕು.

ಈಗ ಆಶ್ರಮದೊಳಗೆ ಹೋಗಬಹುದೇ?

ಈಗ ಅದು ‘ಓಶೋ ಇಂಟರ್‌ನ್ಯಾಷನಲ್ ಮೆಡಿಟೇಶನ್ ರೆಸಾರ್ಟ್’. ಹಣ ಕಟ್ಟಿ ನೋಂದಾಯಿಸಿಕೊಂಡವರಿಗೆ ಪ್ರವೇಶ, ಹಗಲು ಮರೂನ್ ನಿಲುವಂಗಿ, ಸಂಜೆಯ ಸಭೆಗೆ ಬಿಳಿ. ದಶಕಗಳ ಕಾಲ ಎಚ್‌ಐವಿ ಪರೀಕ್ಷೆಯೂ ಕಡ್ಡಾಯವಾಗಿತ್ತು. ನಿಯಮಗಳೂ ಶುಲ್ಕವೂ ಬದಲಾಗುತ್ತಿರುವುದರಿಂದ ಮೊದಲೇ ವಿಚಾರಿಸಿ ಹೋಗುವುದು ಒಳ್ಳೆಯದು. ಸುಮ್ಮನೆ ಇಣುಕಿ ಬರಲು ಬಿಡುವುದಿಲ್ಲ.

ಪತ್ರಿಕೆಗಳಲ್ಲಿ ಬರುವ ಆಸ್ತಿಯ ಜಗಳ ಯಾವುದು?

ಅನುಯಾಯಿಗಳು ಎರಡು ಬಣಗಳಾಗಿ ಬಹಳ ಕಾಲವಾಯಿತು. ರೆಸಾರ್ಟಿನ ಆಡಳಿತ ನಡೆಸುವ, ಜ್ಯೂರಿಕ್‌ನಲ್ಲಿ ನೆಲೆಯಿರುವ ಪ್ರತಿಷ್ಠಾನ ಒಂದು ಕಡೆ, ಗುರುವಿನ ಸಮಾಧಿಗೆ ಮುಕ್ತ ಪ್ರವೇಶ, ಮಾಲೆ ಧರಿಸುವ ಹಕ್ಕು, ಲೆಕ್ಕಪತ್ರ ಕೇಳುವ ಹಳೆಯ ಶಿಷ್ಯರು ಇನ್ನೊಂದು ಕಡೆ. ಓಶೋ ಎಂಬ ಹೆಸರು ಯಾರ ಟ್ರೇಡ್‌ಮಾರ್ಕ್ ಎಂಬ ದಾವೆಯಲ್ಲಿ ಅಮೆರಿಕದ ಟ್ರೇಡ್‌ಮಾರ್ಕ್ ಮಂಡಳಿ 2009ರಲ್ಲಿ ಪ್ರತಿಷ್ಠಾನದ ವಿರುದ್ಧವೂ, ಯುರೋಪಿನ ನ್ಯಾಯಾಲಯ 2017ರಲ್ಲಿ ಅದರ ಪರವಾಗಿಯೂ ತೀರ್ಪು ಕೊಟ್ಟವು. ಯುರೋಪಿನ ದಾವೆಯ ನಡುವೆ 2013ರಲ್ಲಿ ರಜನೀಶರದೆನ್ನಲಾದ ಉಯಿಲೊಂದು ಹೊರಬಂತು, ಅದರ ಸಹಿ ನಕಲಿಯೆಂದು ಪುಣೆಯಲ್ಲಿ ಪೊಲೀಸ್ ದೂರು ದಾಖಲಾಗಿ ಬಾಂಬೆ ಹೈಕೋರ್ಟಿನವರೆಗೆ ಹೋಯಿತು.

ಕೋವಿಡ್ ಕಾಲದ ನಷ್ಟದ ಕಾರಣ ಕೊಟ್ಟು ಕೋರೆಗಾಂವ್ ಪಾರ್ಕಿನ ಎರಡು ನಿವೇಶನಗಳನ್ನು 107 ಕೋಟಿ ರೂಪಾಯಿಗೆ ಮಾರಲು ಪ್ರತಿಷ್ಠಾನ ಅನುಮತಿ ಕೇಳಿತು, ಶಿಷ್ಯರು ತಕರಾರು ಸಲ್ಲಿಸಿದರು, ಮುಂಬೈಯ ಚಾರಿಟಿ ಆಯುಕ್ತರ ಕಚೇರಿ 2023ರ ಡಿಸೆಂಬರ್‌ನಲ್ಲಿ ಅನುಮತಿ ನಿರಾಕರಿಸಿತು. ಅದೇ ವರ್ಷದ ಮಾರ್ಚ್‌ನಲ್ಲಿ, ಮಾಲೆ ಧರಿಸಿಯೇ ಒಳಗೆ ಹೋಗುತ್ತೇವೆಂದು ಪಟ್ಟು ಹಿಡಿದವರ ಮೇಲೆ ಬಾಗಿಲಲ್ಲಿ ಪೊಲೀಸರು ಲಾಠಿ ಬೀಸಿದ್ದರು. ಆ ಗುಂಪಿನಲ್ಲಿ ತಲೆ ನರೆತವರು ಅನೇಕರಿದ್ದರು. ಧಾರ್ಮಿಕ ಟ್ರಸ್ಟುಗಳ ಆಸ್ತಿ ಮಾರಾಟಕ್ಕೆ ಮಹಾರಾಷ್ಟ್ರದ ಕಾನೂನಿನಲ್ಲಿ ಇರುವ ಈ ತಡೆಯಿಂದಾಗಿ, ಆಶ್ರಮದ ಲೆಕ್ಕವನ್ನು ಹೊರಗಿನ ಅಧಿಕಾರಿಯೊಬ್ಬರ ಮುಂದೆ ಇಡಬೇಕೆಂದು ಶಿಷ್ಯರೇ ಒತ್ತಾಯಿಸುವಂತಾಗಿದೆ.